ಹ್ಯೂಸ್ಟನ್ ಆಡೋ ಫೈನಲ್ ನಮ್ಮ ಗಡಿಯಾರದಲ್ಲಿ ಎಷ್ಟು ಹೊತ್ತಿಗೆ? ನೋಡೋದು ಹೇಗೆ?

ಆಗುಂಬೆ ದಾರಿ ತೋಟದವ | 2025 ಏಪ್ರಿಲ್ 6, ಭಾನುವಾರ, ಮಧ್ಯಾಹ್ನ 3:10

ಎಲ್ಲರಿಗೂ ರಾಮನವಮಿ ಶುಭಾಶಯ. ಪಾನಕ ಕುಡಿದು, ಕೋಸಂಬರಿ ತಿಂದು, ಜಗಲಿಯಲ್ಲಿ ಕೂತು ಬರೆಯುತ್ತಿದ್ದೇನೆ. ವಿಷಯ ಅಮೆರಿಕದ ಕಾಲೇಜು ಬಾಸ್ಕೆಟ್‌ಬಾಲ್. ನಗಬೇಡಿ ಮಾರಾಯ್ರೆ.

ನಮ್ಮ ಮನೆ ತೀರ್ಥಹಳ್ಳಿಯಿಂದ ಆಗುಂಬೆಗೆ ಹೋಗುವ ದಾರಿಯಲ್ಲಿ ಒಳಗೆ ಇಳಿದರೆ ಸಿಗುತ್ತೆ. ಎರಡೂವರೆ ಎಕರೆ ಅಡಿಕೆ, ಮೂರು ಹಸು. ಮಗಳು ಹ್ಯೂಸ್ಟನ್ ಯೂನಿವರ್ಸಿಟಿಯಲ್ಲಿ ಎಂ.ಎಸ್. ಓದುತ್ತಿದ್ದಾಳೆ. ಇವತ್ತು ಬೆಳಗ್ಗೆ ಒಂಬತ್ತಾಗುತ್ತಾ ಬಂದಿತ್ತು, ಅವಳ ಫೋನು. ಗಂಟಲು ಪೂರ್ತಿ ಕಟ್ಟಿತ್ತು. ನಗುತ್ತಿದ್ದಾಳೋ ಅಳುತ್ತಿದ್ದಾಳೋ ಗೊತ್ತಾಗಲಿಲ್ಲ. ನನ್ನವಳು ಕೋಸಂಬರಿಗೆ ಸೌತೆಕಾಯಿ ಹೆಚ್ಚುವುದು ಬಿಟ್ಟು ಓಡಿ ಬಂದಳು. ಕೊನೆಗೆ ತಿಳಿದಿದ್ದು ಇಷ್ಟು: "ಅಪ್ಪಾ, ಡ್ಯೂಕ್ ಸೋತು ಹೋಯ್ತು, ನಾವು ಫೈನಲ್‌ಗೆ ಬಂದ್ವಿ." ಡ್ಯೂಕ್ ಅಂದರೆ ನನಗೆ ಗೊತ್ತಿದ್ದದ್ದು ಪಕ್ಕದ ಮನೆ ಹುಡುಗನ ಬೈಕು ಮಾತ್ರ.

ಈಗ ಫೈನಲ್ ಸೋಮವಾರ ರಾತ್ರಿ ಅಂತೆ. ನೀನೂ ಅಮ್ಮನೂ ನೋಡಲೇಬೇಕು ಅಂತ ಹಟ. ಆದರೆ ಈ ಸೋಮವಾರ ರಾತ್ರಿ ಅನ್ನೋದರ ಮೇಲೆ ನನಗೆ ನಂಬಿಕೆ ಇಲ್ಲ. ಕಾರಣ ಹೇಳುತ್ತೇನೆ. ಸೆಮಿಫೈನಲ್ "ಶನಿವಾರ ಸಂಜೆ" ಅಂದಿದ್ದಳು. ನಾನು ನಿನ್ನೆ ಸಂಜೆ ಕೈಕಾಲು ತೊಳೆದು, ದೇವರಿಗೆ ದೀಪ ಹಚ್ಚಿ, ಫೋನು ಹಿಡಿದು ಕೂತೆ. ಹನ್ನೊಂದು ಗಂಟೆವರೆಗೆ ಕೂತೆ. ಏನೂ ಇಲ್ಲ. ಮಳೆಗೆ ಮ್ಯಾಚ್ ನಿಂತಿರಬೇಕು ಅಂತ ಮಲಗಿದೆ. ಒಳಾಂಗಣದಲ್ಲಿ ಆಡೋ ಆಟಕ್ಕೆ ಮಳೆ ಎಲ್ಲಿಂದ ಬಂತು ಅಂತ ಮಗಳು ಇವತ್ತು ನಕ್ಕಿದ್ದೇ ನಕ್ಕಿದ್ದು.

ಹಾಗಾಗಿ ಗೊತ್ತಿದ್ದವರು ಹೇಳಿ. ಯಾವ ದಿನ, ಎಷ್ಟು ಗಂಟೆಗೆ? ಎಲ್ಲಿ ನೋಡೋದು? ನಮ್ಮಲ್ಲಿ ನೆಟ್ ಇದೆ, ಆದರೆ ಗಾಳಿ ಬಂದರೆ ಹೋಗುತ್ತೆ. ಇನ್ನೊಂದು, ನೋಡಬೇಕಾದ್ದು ಏನನ್ನ? ನನಗೆ ಕಬಡ್ಡಿ ಗೊತ್ತು, ವಾಲಿಬಾಲ್ ಗೊತ್ತು. ಇದರಲ್ಲಿ ಹತ್ತು ಜನ ಆಚೆ ಈಚೆ ಓಡುವುದಷ್ಟೇ ಕಾಣುತ್ತೆ. ಮಗಳ ಜೊತೆ ಮಾತಾಡುವಾಗ ಪೆದ್ದನ ಹಾಗೆ ಕಾಣಬಾರದು, ಅಷ್ಟೇ.

---

ಸಾಗರದ ಗಡಿಯಾರ | ಭಾನುವಾರ, 3:32

ಮಂಗಳವಾರ ಬೆಳಗ್ಗೆ 6:20. ಏಪ್ರಿಲ್ 8. ಸೋಮವಾರ ರಾತ್ರಿ ನೀವು ಆರಾಮಾಗಿ ಮಲಗಿ.

ಲೆಕ್ಕ ಹೀಗೆ. ಪಂದ್ಯ ಇರೋದು ಟೆಕ್ಸಾಸ್‌ನ ಸ್ಯಾನ್ ಆಂಟೋನಿಯೋದಲ್ಲಿ. ಅಲ್ಲಿ ಸೋಮವಾರ ರಾತ್ರಿ 7:50ಕ್ಕೆ ಶುರು. ನಿಮ್ಮ ಮಗಳ ಗಡಿಯಾರವೂ ಅದೇ. ಅವರು ಮಾರ್ಚ್ 9ಕ್ಕೆ ಗಡಿಯಾರ ಒಂದು ಗಂಟೆ ಮುಂದೆ ತಿರುಗಿಸಿಕೊಂಡಿದ್ದಾರೆ. ಹಾಗಾಗಿ ಈಗ ನಮಗಿಂತ ಹತ್ತೂವರೆ ಗಂಟೆ ಹಿಂದೆ. ಟೀವಿ ಜಾಹೀರಾತಲ್ಲಿ 8:50 ಅಂತ ಕಂಡರೆ ಗಾಬರಿ ಆಗಬೇಡಿ. ಅದು ನ್ಯೂಯಾರ್ಕ್ ಟೈಮು, ಅದಕ್ಕೂ ನಮಗೂ ಒಂಬತ್ತೂವರೆ ಗಂಟೆ ವ್ಯತ್ಯಾಸ. ಎರಡೂ ಕಡೆಯಿಂದ ಬಂದರೂ ನಮಗೆ 6:20ಕ್ಕೇ ಬಂದು ನಿಲ್ಲುತ್ತೆ.

ಬಾಯಲ್ಲೇ ಲೆಕ್ಕ ಹಾಕಬೇಕಾದರೆ, ಟೆಕ್ಸಾಸ್‌ನ ರಾತ್ರಿಯನ್ನು ಬೆಳಗ್ಗೆ ಅಂದುಕೊಳ್ಳಿ, ಅದರಿಂದ ಒಂದೂವರೆ ಗಂಟೆ ಕಳೆಯಿರಿ. ನನ್ನ ತಮ್ಮ ಡಲ್ಲಾಸ್‌ನಲ್ಲಿ ಇದ್ದಾನೆ. ಆರು ವರ್ಷದಿಂದ ಹೀಗೇ ಕಳೆಯುತ್ತಾ ಇದ್ದೇನೆ.

---

ಈ ಸಲ ಕಪ್ ನಮ್ದೇ | ಭಾನುವಾರ, 3:50

ಸೋಮವಾರ ರಾತ್ರಿ ಆರಾಮಾಗಿ ಮಲಗಿ ಅಂತೀರಲ್ಲ ಸಾಗರದವರೇ, ಆವತ್ತು ವಾಂಖೆಡೆಯಲ್ಲಿ ಆರ್‌ಸಿಬಿ ಮುಂಬೈ ಮ್ಯಾಚ್ ಇದೆ, ಗೊತ್ತಿಲ್ವಾ? 7:30ಕ್ಕೆ ಶುರು, ಮುಗಿಯೋದು ಹನ್ನೊಂದರ ಮೇಲೆ. ಅಲ್ಲಿ ನಾವು 2015ರಿಂದ ಗೆದ್ದಿಲ್ಲ. ಅದು ಬಿಟ್ಟು ಯಾರದೋ ದೇಶದ ಕಾಲೇಜು ಹುಡುಗರ ಆಟಕ್ಕೆ ನಿದ್ದೆ ಯಾಕೆ ಕೆಡಿಸಿಕೊಳ್ಳೋದು? ನಮ್ಮ ಕಾಲೇಜಿನ ಆಟ ನೋಡೋಕೆ ನಾವೇ ಹೋಗಲ್ಲ. ಹೋದ ತಿಂಗಳು ನಮ್ಮ ಕಾಲೇಜು ಫೈನಲ್ ಆಡಿದಾಗ ಗ್ಯಾಲರಿಯಲ್ಲಿ ಇದ್ದದ್ದು ನಾನು, ಇಬ್ಬರು ಫ್ರೆಂಡ್ಸು, ಒಂದು ನಾಯಿ.

---

ಹಳೇ ಪಾಯಿಂಟ್ ಗಾರ್ಡ್, ವಿನೋಬನಗರ | ಭಾನುವಾರ, ಸಂಜೆ 5:15

ತೋಟದವರೇ, ನಿಮ್ಮ ಪ್ರಶ್ನೆ ನೋಡಿ ಕೈ ತುರಿಸಿತು. ಅಂಗಡಿಗೆ ಹುಡುಗನನ್ನು ಕೂರಿಸಿ ಬರೆಯುತ್ತಿದ್ದೇನೆ. ಉದ್ದ ಆಗುತ್ತೆ.

ನಾನು ತೊಂಬತ್ತರ ದಶಕದಲ್ಲಿ ಶಿವಮೊಗ್ಗದ ಒಂದು ಕಾಲೇಜಿಗೆ ಆಡಿದವನು. ಸಿಮೆಂಟ್ ಕೋರ್ಟು. ಜೂನ್ ಬಂತು ಅಂದರೆ ಪಾಚಿ. ಬ್ಲೀಚಿಂಗ್ ಪೌಡರ್ ಹಾಕಿ, ಕಡ್ಡಿ ಪೊರಕೆಯಲ್ಲಿ ಉಜ್ಜಿದ್ದೇ ಜಾಸ್ತಿ, ಆಡಿದ್ದು ಕಮ್ಮಿ. ಎಡಗೈ ಕಿರುಬೆರಳು ಇವತ್ತಿಗೂ ಸೊಟ್ಟ. ನಮಗೂ ಗ್ಯಾಲರಿಯಲ್ಲಿ ಜನ ಇರಲಿಲ್ಲ. ಆದರೆ ಅಮೆರಿಕದಲ್ಲಿ ಇದು ಬೇರೆಯದೇ ಲೋಕ. ಮಂಗಳವಾರ ನೀವು ನೋಡೋ ಅಲಾಮೋಡೋಮ್ ಸ್ಟೇಡಿಯಂ ಒಳಗೆ 60 ಸಾವಿರಕ್ಕೂ ಜಾಸ್ತಿ ಜನ ಕೂತಿರುತ್ತಾರೆ. ಕಾಲೇಜು ಆಟಕ್ಕೆ!

ಟೂರ್ನಿ ಸಿಂಪಲ್. ದೇಶದ 68 ಕಾಲೇಜು ತಂಡ. ಒಂದು ಸಲ ಸೋತರೆ ಗಂಟುಮೂಟೆ ಕಟ್ಟಬೇಕು. ನಮ್ಮ ಐಪಿಎಲ್ ಹಾಗೆ ಸೋತು ಸೋತು, ಪಾಯಿಂಟು, ರನ್‌ರೇಟು ಅಂತ ಲೆಕ್ಕ ಹಾಕಿ ಒಳಗೆ ಬರೋ ದಾರಿ ಇಲ್ಲ. ಮಾರ್ಚ್ ಮಧ್ಯದಲ್ಲಿ ಶುರುವಾಗಿ ಏಪ್ರಿಲ್ ಮೊದಲ ಸೋಮವಾರದ ಹೊತ್ತಿಗೆ ಇಬ್ಬರೇ ಉಳಿಯುತ್ತಾರೆ. ಅದಕ್ಕೇ ಮಾರ್ಚ್ ಮ್ಯಾಡ್‌ನೆಸ್ ಅನ್ನೋದು, ಮಾರ್ಚ್ ತಿಂಗಳ ಹುಚ್ಚು. 2018ರಲ್ಲಿ ಯಾರೂ ಲೆಕ್ಕಕ್ಕೆ ಇಟ್ಟುಕೊಳ್ಳದ ಯುಎಂಬಿಸಿ ಅನ್ನೋ ಕಾಲೇಜು ಆ ವರ್ಷದ ನಂಬರ್ ಒನ್ ವರ್ಜೀನಿಯಾವನ್ನು 20 ಪಾಯಿಂಟಿನಿಂದ ಬಡಿದು ಹಾಕಿತು. ಅದೇ ವರ್ಜೀನಿಯಾ ಮುಂದಿನ ವರ್ಷ ಬಂದು ಕಪ್ ಎತ್ತಿತು. ತಂಡಗಳನ್ನು ನಾಲ್ಕು ಗುಂಪು ಮಾಡಿ ಗುಂಪಿಗೊಂದು ನಂಬರ್ ಒನ್ ಇಟ್ಟಿರುತ್ತಾರೆ. ಈ ಸಲ ಮಾತ್ರ ಕೊನೆಯ ನಾಲ್ಕೂ ಆ ನಂಬರ್ ಒನ್ ತಂಡಗಳೇ. 2008ರ ನಂತರ ಹಾಗೆ ಆಗಿರಲಿಲ್ಲ.

ಈಗ ಗಡಿಯಾರ. ಸಾಗರದವರು ಗೋಡೆ ಗಡಿಯಾರ ಹೇಳಿದರು, ನಾನು ಕೋರ್ಟಿನ ಗಡಿಯಾರ ಹೇಳುತ್ತೇನೆ. 20 ನಿಮಿಷದ ಎರಡು ಭಾಗ. ನಲವತ್ತು ನಿಮಿಷದಲ್ಲಿ ಮುಗಿಯುತ್ತೆ, ಏಳೂವರೆಗೆ ಹಾಲು ಹಾಕಿ ಬರಬಹುದು ಅಂದುಕೊಂಡರೆ ಕೆಟ್ಟಿರಿ. ಸೀಟಿ ಊದಿದಾಗಲೆಲ್ಲ ಗಡಿಯಾರ ನಿಲ್ಲುತ್ತೆ. ಎರಡು ಗಂಟೆ ಮೇಲೆ ಹಿಡಿಯುತ್ತೆ. ಎಂಟೂವರೆವರೆಗೆ ಏನೂ ಇಟ್ಟುಕೊಳ್ಳಬೇಡಿ. ಒಂದು ಉಪಕಾರ ಉಂಟು. ಪ್ರತಿ ಭಾಗದಲ್ಲೂ 16, 12, 8, 4 ನಿಮಿಷ ಉಳಿದಾಗ, ಆಮೇಲೆ ಬರೋ ಮೊದಲ ಸೀಟಿಗೆ ಟೀವಿಯವರು ಜಾಹೀರಾತು ಹಾಕುತ್ತಾರೆ. ಹಸುವಿಗೆ ಹುಲ್ಲು ಹಾಕೋದಿದ್ದರೆ ಅಷ್ಟರಲ್ಲಿ ಹಾಕಿ ಬನ್ನಿ.

ಚೆಂಡು ಸಿಕ್ಕ ತಂಡ 30 ಸೆಕೆಂಡಿನ ಒಳಗೆ ಬುಟ್ಟಿಗೆ ಎಸೆಯಬೇಕು. ಒಬ್ಬ ಆಟಗಾರ ಐದು ಫೌಲ್ ಮಾಡಿದರೆ ಆವತ್ತಿಗೆ ಅವನ ಕಥೆ ಮುಗೀತು. ಕೊನೆಯ ಒಂದೆರಡು ನಿಮಿಷದಲ್ಲಿ ಸೋಲುತ್ತಿರುವವರು ಬೇಕಂತಲೇ ಎದುರಾಳಿಯನ್ನು ಹಿಡಿದು ಫೌಲ್ ಮಾಡುತ್ತಾರೆ. ನೋಡಿದರೆ ತಲೆಹರಟೆ ಅನಿಸುತ್ತೆ. ಕಾರಣ ಇದೆ. ಫೌಲ್ ಆದರೆ ಗಡಿಯಾರ ನಿಲ್ಲುತ್ತೆ. ಎದುರಾಳಿ ಫ್ರೀ ಥ್ರೋ ಎಸೆಯಬೇಕು, ಅಂದರೆ ಯಾರೂ ಅಡ್ಡ ಬರದೆ ನಿಂತು ಎಸೆಯೋದು. ತಪ್ಪಿಸಿದರೆ ಚೆಂಡು ನಮಗೆ ಸಿಗಬಹುದು. ನಿಂತ ಗಡಿಯಾರದಲ್ಲಿ ಸಮಯ ಕೊಂಡುಕೊಳ್ಳೋ ವ್ಯಾಪಾರ ಅದು. ಇವತ್ತು ಬೆಳಗ್ಗೆ ನಿಮ್ಮ ಮಗಳ ಗಂಟಲು ಕಟ್ಟಿದ್ದು ಯಾಕೆ ಅಂತೀರಿ? ಅರ್ಧ ನಿಮಿಷದ ಚಿಲ್ಲರೆ ಉಳಿದಿದ್ದಾಗ ಡ್ಯೂಕ್ 6 ಪಾಯಿಂಟ್ ಮುಂದಿತ್ತು. ಅಲ್ಲಿಂದ ಹ್ಯೂಸ್ಟನ್ ಸತತ 9 ಪಾಯಿಂಟ್ ಹೊಡೆದು 70-67ಕ್ಕೆ ಗೆದ್ದಿತು. ಆ ಒಂಬತ್ತರ ಮೊದಲ ಮೂರನ್ನು ದೂರದಿಂದ ಎಸೆದವನು ಇಮ್ಯಾನುಯೆಲ್ ಶಾರ್ಪ್. ಹೆಸರು ನೆನಪಿಟ್ಟುಕೊಳ್ಳಿ, ಮಗಳ ಎದುರು ಒಮ್ಮೆ ಹೇಳಿ, ಸಾಕು.

ನೋಡಬೇಕಾದ್ದು ಏನು ಅಂದಿರಲ್ಲ? ಚೆಂಡನ್ನು ನೋಡಬೇಡಿ. ಹೊಸಬರೆಲ್ಲ ಮಾಡೋ ತಪ್ಪು ಅದೇ. ಚೆಂಡು ಕಣ್ಣಿಗೆ ಹೇಗೂ ಬಿದ್ದೇ ಬೀಳುತ್ತೆ. ಚೆಂಡಿಲ್ಲದ ನಾಲ್ಕು ಜನ ಏನು ಮಾಡುತ್ತಿದ್ದಾರೆ ನೋಡಿ. ಹ್ಯೂಸ್ಟನ್ ಆಡುವಾಗಂತೂ ತಡೆಯುವವರ ಕಾಲು ನೋಡಿ. ಕೋಚ್ ಕೆಲ್ವಿನ್ ಸ್ಯಾಂಪ್ಸನ್, 69 ವರ್ಷದ ಮುದುಕ, ಹುಡುಗರಿಗೆ ಮೊದಲು ಕಲಿಸೋದೇ ತಡೆಯೋದನ್ನ. ಎದುರು ಇರೋದು ಫ್ಲೋರಿಡಾ. ಅವರ ವಾಲ್ಟರ್ ಕ್ಲೇಟನ್ ಜೂನಿಯರ್ ಸೆಮಿಫೈನಲ್‌ನಲ್ಲಿ 34 ಪಾಯಿಂಟ್ ಹೊಡೆದಿದ್ದಾನೆ. ಅವನ ಕೈ ಕಟ್ಟೋದು ಹೇಗೆ ಅನ್ನೋದೇ ಮಂಗಳವಾರದ ಆಟ.

ಇನ್ನೊಂದು ಹೇಳದಿದ್ದರೆ ನನಗೆ ನಿದ್ದೆ ಬರಲ್ಲ. ಹ್ಯೂಸ್ಟನ್ ಇದುವರೆಗೆ ಒಮ್ಮೆಯೂ ಈ ಕಪ್ ಗೆದ್ದಿಲ್ಲ. 1983ರಲ್ಲಿ, ಅಂದರೆ ನಮಗೆ ಕ್ರಿಕೆಟ್ ವರ್ಲ್ಡ್ ಕಪ್ ಬಂದ ವರ್ಷ, ಹಕೀಮ್ ಓಲಾಜುವಾನ್ ಇದ್ದ ತಂಡ ಅದು. ಗೆದ್ದೇ ಗೆಲ್ಲುತ್ತೆ ಅಂತ ಎಲ್ಲರೂ ಅಂದುಕೊಂಡಿದ್ದರು. ನಾರ್ತ್ ಕೆರೊಲಿನಾ ಸ್ಟೇಟ್ ಎದುರು 52-52. ಕೊನೇ ಕ್ಷಣದಲ್ಲಿ ಎದುರಾಳಿ ದೂರದಿಂದ ಎಸೆದ ಚೆಂಡು ಬುಟ್ಟಿವರೆಗೂ ಬರಲಿಲ್ಲ. ಅಲ್ಲೇ ನಿಂತಿದ್ದ ಲೊರೆಂಜೊ ಚಾರ್ಲ್ಸ್ ಅದನ್ನು ಗಾಳಿಯಲ್ಲೇ ಹಿಡಿದು ಬುಟ್ಟಿಗೆ ತುರುಕಿದ. 54-52. ಮರುವರ್ಷ ಮತ್ತೆ ಫೈನಲ್, ಮತ್ತೆ ಸೋಲು. ನಲವತ್ತೊಂದು ವರ್ಷದ ಮೇಲೆ ಈಗ ಬಂದಿದ್ದಾರೆ. ಆರ್‌ಸಿಬಿ ತಮ್ಮಾ, ನಿನಗಿಂತ ಕಾದವರು ಇದ್ದಾರೆ.

ಎಲ್ಲಿ ನೋಡೋದು ಅಂತ ಮಾತ್ರ ಒಂದೇ ಉತ್ತರ ಕೊಡಲ್ಲ. ಅಮೆರಿಕದಲ್ಲಿ ಸಿಬಿಎಸ್ ಚಾನೆಲ್. ಅಲ್ಲಿನ ಆ್ಯಪ್ ಇಲ್ಲಿಂದ ತೆರೆಯೋಕೆ ಹೋಗಿ ಸುಮ್ನೆ ಸಮಯ ಹಾಳು ಮಾಡಬೇಡಿ, ಅದು ಅಲ್ಲಿಯವರಿಗೆ ಮಾತ್ರ. ನಮ್ಮ ಕಡೆಯ ಕ್ರೀಡಾ ಆ್ಯಪ್‌ಗಳಲ್ಲಿ ನಾಳೆ ಸಂಜೆಯೇ ಹುಡುಕಿ, ದುಡ್ಡು ಕಟ್ಟೋದಿದ್ದರೆ ಪಟ್ಟಿಯಲ್ಲಿ ಮ್ಯಾಚ್ ಕಂಡ ಮೇಲೇ ಕಟ್ಟಿ. ಬೆಳಗ್ಗೆ ಆರಕ್ಕೆ ಎದ್ದು ಓಟಿಪಿಗೆ ಕಾಯೋ ಕೆಲಸ ಬೇಡ.

---

ಹದಿನಾಲ್ಕನೇ ನಂಬರ್ ಜರ್ಸಿ | ಭಾನುವಾರ, 6:40

ಎಲ್ಲರೂ ಹುಡುಗರ ಫೈನಲ್ ಬಗ್ಗೆಯೇ ಮಾತಾಡ್ತಿದ್ದೀರಿ. ಹುಡುಗಿಯರ ಫೈನಲ್ ಇವತ್ತು ರಾತ್ರಿಯೇ ಇದೆ! ಟ್ಯಾಂಪಾದಲ್ಲಿ ಮಧ್ಯಾಹ್ನ 3, ನಮಗೆ ರಾತ್ರಿ 12:30. ಯುಕಾನ್ (ಕನೆಕ್ಟಿಕಟ್ ಯೂನಿವರ್ಸಿಟಿ) ಮತ್ತು ಸೌತ್ ಕೆರೊಲಿನಾ. ಅವರದು 10 ನಿಮಿಷದ ನಾಲ್ಕು ಕ್ವಾರ್ಟರ್. ನಾವು ಕಾಲೇಜಲ್ಲಿ ಆಡೋದೂ ಹಾಗೇ. ಅದಕ್ಕೆ ನನಗೆ ಅದು ಅರ್ಥ ಆಗೋದು ಸಲೀಸು. ಕಳೆದ ವರ್ಷ ಹುಡುಗಿಯರ ಫೈನಲ್ ಅನ್ನು ಅಮೆರಿಕದಲ್ಲಿ 1 ಕೋಟಿ 89 ಲಕ್ಷ ಜನ ನೋಡಿದರು. ಹುಡುಗರದ್ದನ್ನು 1 ಕೋಟಿ 48 ಲಕ್ಷ. ಇದನ್ನು ನಮ್ಮ ಪಿ.ಟಿ. ಸರ್‌ಗೆ ಮೂರು ಸಲ ಹೇಳಿದ್ದೇನೆ, ಆದರೂ ಹೊಸ ಚೆಂಡು ಬರೋದು ಹುಡುಗರಿಗೇ. ಅಂದ ಹಾಗೆ ಬೆಂಗಳೂರಿನ ಸಂಜನಾ ರಮೇಶ್ ಅಲ್ಲಿಗೆ ಹೋಗಿ ನಾರ್ದರ್ನ್ ಅರಿಜೋನಾ ಯೂನಿವರ್ಸಿಟಿಗೆ ಆಡಿದವರು. ನನ್ನ ರೂಮಿನ ಗೋಡೆ ಮೇಲೆ ಅವರ ಫೋಟೋ ಇದೆ.

ಅಂಕಲ್, ನೆಟ್ ಸ್ಲೋ ಇದ್ದರೆ ಒಂದು ಉಪಾಯ. ಈ ಟೂರ್ನಿ ನಡೆಸೋ ಎನ್‌ಸಿಎಎ ವೆಬ್‌ಸೈಟಲ್ಲಿ ಆ ಪಂದ್ಯದ ಪುಟ ತೆರೆದು "ಪ್ಲೇ ಬೈ ಪ್ಲೇ" ಒತ್ತಿ. ಯಾರು ಎಸೆದರು, ಯಾರು ತಪ್ಪಿಸಿದರು, ಒಂದೊಂದೇ ಸಾಲು ಬರುತ್ತಾ ಹೋಗುತ್ತೆ. ಬರೀ ಅಕ್ಷರ. ನನ್ನ ಅಜ್ಜಿ ಮನೆ ಹೊಸನಗರದ ಹತ್ತಿರ, ಅಲ್ಲಿ ಎರಡು ಕಡ್ಡಿ ಸಿಗ್ನಲ್‌ನಲ್ಲೂ ಬಂದಿದೆ. ಆಟ ಮುಗಿದ ಮೇಲೆ ಹೈಲೈಟ್ಸ್ ಯೂಟ್ಯೂಬಲ್ಲಿ ಮಾರ್ಚ್ ಮ್ಯಾಡ್‌ನೆಸ್ ಅವರದೇ ಚಾನೆಲ್‌ಗೆ ಬರುತ್ತೆ.

---

ಆಗುಂಬೆ ದಾರಿ ತೋಟದವ | ಸೋಮವಾರ, ಸಂಜೆ 6:50

ನಿಮಗೆಲ್ಲ ದೊಡ್ಡ ನಮಸ್ಕಾರ. ಗಾರ್ಡ್ ಅವರು ಬರೆದಿದ್ದನ್ನು ಎರಡು ಸಲ ಓದಿ ನನ್ನವಳಿಗೂ ಓದಿ ಹೇಳಿದೆ. "ಚೆಂಡು ನೋಡಬೇಡಿ ಅಂದರೆ ಮತ್ತೆ ಚೆಂಡು ಯಾಕೆ ಬೇಕು?" ಅಂದಳು. ನನಗೆ ಮಾತ್ರ ಅರ್ಥ ಆಯ್ತು. ಅಡಿಕೆ ಕೊನೆ ತೆಗೆಯುವಾಗ ಮರದ ಮೇಲೆ ಇರುವ ಕೊನೆಗಾರನನ್ನು ಹೊಸಬರು ಬಾಯಿ ಬಿಟ್ಟು ನೋಡುತ್ತಾರೆ. ನಾವು ನೋಡೋದು ಕೆಳಗೆ ಹಗ್ಗ ಹಿಡಿದವನನ್ನ.

ಇಲ್ಲಿ ಪಶ್ಚಿಮಕ್ಕೆ ಮೋಡ ಕಪ್ಪಾಗಿದೆ. ಗುಡುಗು ಶುರು. ಇನ್ವರ್ಟರ್ ಫ್ಯಾನಿಗೆ ಕೊಡಬೇಡ, ಬೆಳಗ್ಗೆಗೆ ಇರಲಿ ಅಂತ ಹೇಳಿ ಇಟ್ಟಿದ್ದೇನೆ.

---

ಈ ಸಲ ಕಪ್ ನಮ್ದೇ | ಸೋಮವಾರ, ರಾತ್ರಿ 11:48

ವಾಂಖೆಡೆಯಲ್ಲಿ ಗೆದ್ವಿ!!! 12 ರನ್!!! ಹತ್ತು ವರ್ಷ ಆದಮೇಲೆ! ಈ ಖುಷಿಯಲ್ಲಿ ನಿದ್ದೆ ಬರಲ್ಲ, ನಿಮ್ಮ ಬುಟ್ಟಿ ಆಟನೂ ನೋಡೇ ಬಿಡ್ತೀನಿ.

---

ಆಗುಂಬೆ ದಾರಿ ತೋಟದವ | ಮಂಗಳವಾರ, ಬೆಳಗ್ಗೆ 11:05

ಹಾಲು ಹಾಕಿ, ತಿಂಡಿ ತಿಂದು ಈಗ ಕೂತಿದ್ದೇನೆ. ನಡೆದದ್ದನ್ನು ಹೇಳದೆ ಇದ್ದರೆ ಆಗಲ್ಲ.

ರಾತ್ರಿ ಗಾಳಿ ಜೋರಾಗಿಯೇ ಬಂತು. ಹಲಸಿನ ಕೊಂಬೆ ಮುರಿದು ದಾರಿಗೆ ಬಿದ್ದಿತ್ತು, ಅದರ ಜೊತೆ ನೆಟ್ಟಿನ ವೈರೂ. ಇನ್ವರ್ಟರ್ ತುಂಬಿಯೇ ಇತ್ತು, ಆದರೆ ಅದನ್ನು ಇಟ್ಟುಕೊಂಡು ಏನು ಮಾಡೋದು? ಸಿಗ್ನಲ್ ಸಿಗೋ ಜಾಗ ಒಂದೇ, ಮನೆ ಹಿಂದಿನ ದರೆ ಹತ್ತಿದರೆ ಸಿಗುವ ನೀರಿನ ಟ್ಯಾಂಕಿನ ಕಟ್ಟೆ. ಆರು ಗಂಟೆಗೆ ನಾನು, ನನ್ನವಳು, ಡ್ಯೂಕ್ ಬೈಕಿನ ಹುಡುಗ, ಮೂರು ಜನ ಹೊರಟೆವು. ಎರಡು ಪ್ಲಾಸ್ಟಿಕ್ ಕುರ್ಚಿ, ಒಂದು ಫ್ಲಾಸ್ಕಿನಲ್ಲಿ ಕಷಾಯ, ಎರಡು ಫೋನು. ಒದ್ದೆ ಎಲೆ ಮೇಲೆ ಉಂಬಳ ಇದ್ದಾವೇನೋ ಅಂತ ನನ್ನವಳು ಸೀರೆ ಎತ್ತಿ ಎತ್ತಿ ನೋಡುತ್ತಿದ್ದಳು. ಈ ತಿಂಗಳಲ್ಲಿ ಎಲ್ಲಿ ಉಂಬಳ?

ನಿನ್ನೆ ಹುಡುಕಿದ ಆ್ಯಪಿನ ಕಥೆ ಬಿಡಿ. ಟ್ಯಾಂಕಿನ ಹತ್ತಿರ ಅದು ಒಂದೇ ಸಮ ಸುತ್ತುತ್ತಾ ಕೂತಿತು. ಮಗಳೇ ವಿಡಿಯೋ ಕಾಲ್ ಮಾಡಿ ಫೋನನ್ನು ಅವಳ ಟೀವಿ ಎದುರು ನಿಲ್ಲಿಸಿದಳು. ಆಟಗಾರರು ಅಕ್ಕಿಗೆ ಮುತ್ತಿದ ಇರುವೆ ಹಾಗೆ ಕಂಡರು. ಜರ್ಸಿ ನಂಬರ್ ಓದೋದು ಕನಸು. ಇನ್ನೊಂದು ಫೋನಿನಲ್ಲಿ ಜರ್ಸಿ ಹುಡುಗಿ ಹೇಳಿದ ಅಕ್ಷರದ ಪುಟ. ಅದು ಚೆನ್ನಾಗಿ ಬಂತು. ಎಷ್ಟು ಚೆನ್ನಾಗಿ ಅಂದರೆ ಮಗಳ ಟೀವಿಗಿಂತ ಮುಂದೆ. ಅವಳು ನೋಡುತ್ತಿದ್ದದ್ದು ನೆಟ್ ಮೇಲೆ ಬರೋ ಟೀವಿಯಂತೆ, ಅದು ಅರ್ಧ ನಿಮಿಷ ತಡ. ನಾನು "ಬಿತ್ತು ಬಿತ್ತು" ಅಂದೆ. ಆ ಕಡೆ ನಾಲ್ಕು ಹುಡುಗಿಯರು "ಏನು ಬಿತ್ತು?" ಅಂತ ಕೂಗಿದರು. ಚೆಂಡು ಇನ್ನೂ ಅವರ ಟೀವಿಯಲ್ಲಿ ಎಸೆದೇ ಇರಲಿಲ್ಲ. ಮೂರನೇ ಸಲಕ್ಕೆ ಮಗಳು, "ಅಪ್ಪಾ, ಇನ್ನೊಂದು ಮಾತಾಡಿದರೆ ಕಟ್ ಮಾಡ್ತೀನಿ" ಅಂದಳು. ಮತ್ತೆ ನಾನು ಬಾಯಿಗೆ ಕಷಾಯ ತುಂಬಿಕೊಂಡು ಕೂತೆ.

ಅರ್ಧಕ್ಕೆ ಹ್ಯೂಸ್ಟನ್ 31, ಫ್ಲೋರಿಡಾ 28. ಆ ಕ್ಲೇಟನ್ ಹುಡುಗನಿಗೆ ಅಷ್ಟು ಹೊತ್ತು ಒಂದು ಪಾಯಿಂಟೂ ಇಲ್ಲ! ಅಕ್ಷರದ ಪುಟದಲ್ಲಿ ಅವನ ಹೆಸರಿನ ಮುಂದೆ ಸೊನ್ನೆ. ನಿಮ್ಮ ಮುದುಕ ಕೋಚು ಅವನ ಕೈ ಕಟ್ಟಿಯೇ ಹಾಕಿದ್ದ. ಎರಡನೇ ಭಾಗದಲ್ಲಿ ಹ್ಯೂಸ್ಟನ್ 12 ಪಾಯಿಂಟ್ ಮುಂದೆ ಹೋಯಿತು. ನಾನು ಗೆದ್ದಾಯ್ತು ಅಂತ ಹುಲ್ಲು ಹಾಕೋಕೆ ಕೆಳಗೆ ಇಳಿದೆ. ಅದೇ ತಪ್ಪಾಯ್ತೇನೋ. ವಾಪಸ್ ಹತ್ತಿ ಬರುವಾಗ ಬೈಕಿನ ಹುಡುಗನ ಮುಖ ಸಣ್ಣ ಆಗಿತ್ತು. ಒಂದೊಂದೇ ಪಾಯಿಂಟ್ ಕರಗುತ್ತಾ ಬಂತು. ಕ್ಲೇಟನ್ ತನ್ನ 11 ಪಾಯಿಂಟನ್ನೂ ಎರಡನೇ ಭಾಗದಲ್ಲೇ ಹೊಡೆದ.

ಕೊನೇ ನಿಮಿಷದ ಒಳಗೆ ಫ್ಲೋರಿಡಾ 64-63 ಮುಂದೆ. ಆಮೇಲೆ ಒಂದು ಫ್ರೀ ಥ್ರೋ, 65-63. ಇನ್ನು 19 ಸೆಕೆಂಡು. ಚೆಂಡು ಹ್ಯೂಸ್ಟನ್ ಕೈಯಲ್ಲಿ. ಆಗ ಅಕ್ಷರ ನಿಂತಿತು. ನಾನು ಫೋನನ್ನು ತಲೆ ಮೇಲೆ ಎತ್ತಿ ಹಿಡಿದೆ. ಹುಡುಗ ಟ್ಯಾಂಕಿನ ಮೇಲೇ ಹತ್ತಿದ. ವಿಡಿಯೋದಲ್ಲಿ ಒಬ್ಬ ಹಾರಿದ. ಎರಡೂ ಕೈಯಲ್ಲಿ ಚೆಂಡು. ಅಲ್ಲಿಗೆ ಅದೂ ನಿಂತಿತು. ಗಾಳಿಯಲ್ಲಿ ನಿಂತ ಮನುಷ್ಯನನ್ನು ಎಷ್ಟು ಹೊತ್ತು ನೋಡಿದೆನೋ ಗೊತ್ತಿಲ್ಲ. ನನ್ನವಳು ಕೈ ಮುಗಿದುಕೊಂಡಿದ್ದಳು. ಚಿತ್ರ ವಾಪಸ್ ಬಂದಾಗ ಬೇರೆ ಬಣ್ಣದ ಜರ್ಸಿಯವರು ಕುಣಿಯುತ್ತಿದ್ದರು.

ಮಗಳು ಮಾತಾಡಲಿಲ್ಲ. ನಾನೂ ಏನು ಹೇಳೋದು ಅಂತ ತಿಳಿಯದೆ "1983ರಲ್ಲೂ ಎರಡೇ ಪಾಯಿಂಟಿಗೆ ಸೋತಿದ್ದು" ಅಂದುಬಿಟ್ಟೆ. ಹೇಳಬಾರದಿತ್ತು. ಸ್ವಲ್ಪ ಹೊತ್ತು ಆದಮೇಲೆ, "ಅಪ್ಪಾ, ನೀನು ಎಲ್ಲಿದ್ದೀಯ? ಹಿಂದೆ ಕಾಣ್ತಿರೋದು ಟ್ಯಾಂಕಾ? ಫೋನು ತಿರುಗಿಸು" ಅಂದಳು. ತಿರುಗಿಸಿದೆ. ರಾತ್ರಿಯ ಮಳೆಗೆ ತೋಟದ ಮೇಲೆ ಮಂಜು ಕೂತಿತ್ತು. ಆ ನಾಲ್ಕೂ ಹುಡುಗಿಯರು ಸುಮಾರು ಹೊತ್ತು ಅದನ್ನೇ ನೋಡಿದರು. ಒಬ್ಬಳು ವಿಜಯವಾಡದವಳಂತೆ. ಇಲ್ಲಿ ಚಳಿ ಇದೆಯಾ ಅಂತ ಕೇಳಿದಳು.

ಈಗ ಒಂದು ಪ್ರಶ್ನೆ, ಗಾರ್ಡ್ ಅವರೇ. ತೀರ್ಥಹಳ್ಳಿ ಪೇಟೆಗೆ ಹೋದಾಗ ಹೈಲೈಟ್ಸ್ ನೋಡಿದೆ. ಗಾಳಿಯಲ್ಲಿ ನಿಂತಿದ್ದವನು ನೀವು ಹೇಳಿದ ಅದೇ ಶಾರ್ಪ್. ಅವನು ಎಸೆಯಲೇ ಇಲ್ಲ! ಚೆಂಡನ್ನು ಕೆಳಗೆ ಬಿಟ್ಟ. ಬಿಟ್ಟ ಮೇಲೆ ಮುಟ್ಟಲೂ ಇಲ್ಲ. ಚೆಂಡು ಅವನ ಕಾಲ ಹತ್ತಿರವೇ ಪುಟಿಯುತ್ತಿದೆ, ಅವನು ಸುಮ್ನೆ ನೋಡುತ್ತಾ ನಿಂತಿದ್ದಾನೆ. ಅಷ್ಟರಲ್ಲಿ ಫ್ಲೋರಿಡಾದವನೊಬ್ಬ ಅದರ ಮೇಲೆ ಬಿದ್ದ. ಗೆಲ್ಲೋ ಆಟದಲ್ಲಿ ಯಾಕೆ ಹೀಗೆ ಮಾಡಿದ? ಎತ್ತಿಕೊಂಡು ಎಸೆಯೋಕೆ ಏನು ಕಷ್ಟ?

---

ಹಳೇ ಪಾಯಿಂಟ್ ಗಾರ್ಡ್, ವಿನೋಬನಗರ | ಮಂಗಳವಾರ, 11:40

ಅಯ್ಯೋ, ಅದನ್ನು ನೋಡಿ ನನಗೆ ತಿಂಡಿ ಸೇರಲಿಲ್ಲ.

ಅವನು ಮೂರು ಪಾಯಿಂಟಿಗೆ ಎಸೆಯೋಕೆ ಅಂತಲೇ ಹಾರಿದ. ಬಿದ್ದಿದ್ದರೆ 66-65, ಕಪ್ಪು ಅವರದೇ. ಹಾರಿದ ಮೇಲೆ ನೋಡುತ್ತಾನೆ, ಎದುರಿಂದ ಕ್ಲೇಟನ್ ಕೈ ಚಾಚಿಕೊಂಡು ಬಂದೇ ಬಿಟ್ಟಿದ್ದಾನೆ. ಎಸೆದರೆ ಬ್ಲಾಕ್ ಆಗುತ್ತೆ. ಚೆಂಡು ಹಿಡಿದುಕೊಂಡೇ ಕೆಳಗೆ ಇಳಿದರೆ ಟ್ರಾವೆಲಿಂಗ್ ಅನ್ನೋ ತಪ್ಪು, ಚೆಂಡು ಎದುರಾಳಿಗೆ. ಹಾಗಾಗಿ ಗಾಳಿಯಲ್ಲೇ ಕೈಬಿಟ್ಟ. ಬಿಟ್ಟ ಚೆಂಡನ್ನು ಬೇರೆ ಯಾರೂ ಮುಟ್ಟೋಕೆ ಮುಂಚೆ ಅವನೇ ಮುಟ್ಟಿದರೂ ಟ್ರಾವೆಲಿಂಗೇ. ಅದು ಗೊತ್ತಿದ್ದಕ್ಕೇ ಅವನು ಮುಟ್ಟದೆ ನಿಂತಿದ್ದು. ಯಾರಾದರೂ ನಮ್ಮವರು ಬಂದು ಎತ್ತಿಕೊಳ್ಳಲಿ ಅಂತ ಕಾದ. ಬಂದವನು ಫ್ಲೋರಿಡಾದ ಅಲೆಕ್ಸ್ ಕಾಂಡನ್.

ನಾನೂ ಒಮ್ಮೆ ಹೀಗೆ ಹಾರಿ ಸಿಕ್ಕಿಕೊಂಡಿದ್ದೇನೆ, ಕಾಲೇಜಿನ ಸೆಮಿಫೈನಲ್‌ನಲ್ಲಿ. ನಾನು ಚೆಂಡು ಹಿಡಿದುಕೊಂಡೇ ಇಳಿದೆ. ಕಿರುಬೆರಳು ಸೊಟ್ಟ ಆಗಿದ್ದೂ ಆವತ್ತೇ.

ಹೈಲೈಟ್ಸ್ ಇನ್ನೊಂದು ಸಲ ನೋಡಿ. ಈ ಸಲ ಶಾರ್ಪ್‌ನನ್ನು ಬಿಟ್ಟು ಕ್ಲೇಟನ್‌ನನ್ನು ಮಾತ್ರ ನೋಡಿ. ಅವನು ಎಲ್ಲಿಂದ ಓಡಿ ಬರುತ್ತಾನೆ ಅಂತ.

---

ಈ ಸಲ ಕಪ್ ನಮ್ದೇ | ಮಂಗಳವಾರ, 12:20

ಅಲಾರಂ ಇಟ್ಟಿದ್ದೆ. ಎದ್ದಿದ್ದು ಹತ್ತು ಗಂಟೆಗೆ.

---

ಹದಿನಾಲ್ಕನೇ ನಂಬರ್ ಜರ್ಸಿ | ಮಂಗಳವಾರ, 1:05

ಯುಕಾನ್ ಗೆದ್ದಿದ್ದನ್ನು ಯಾರೂ ಕೇಳಲೇ ಇಲ್ಲ. 82-59. ಹನ್ನೆರಡನೇ ಕಪ್. ನಾನೊಬ್ಬಳೇ, ಹಾಸ್ಟೆಲ್ ಕಾರಿಡಾರಲ್ಲಿ, ಚಾದರ ಹೊದ್ದುಕೊಂಡು ನೋಡಿದೆ.

---

ಆಗುಂಬೆ ದಾರಿ ತೋಟದವ | ಮಂಗಳವಾರ, ಸಂಜೆ 7:30

ಜರ್ಸಿ ಮಗಳೇ, ತಪ್ಪಾಯ್ತು. ಮುಂದಿನ ಸಲ ನಿಮ್ಮದನ್ನೂ ನೋಡುತ್ತೇವೆ, ಚಾದರ ನಾವೂ ತರುತ್ತೇವೆ.

ಗಾರ್ಡ್ ಅವರೇ, ನೋಡಿದೆ. ಕ್ಲೇಟನ್ ಬೇರೆ ಕಡೆ ಇದ್ದವನು ಅಷ್ಟು ದೂರ ಬಂದಿದ್ದಾನೆ. ಮಗಳಿಗೆ ಹೇಳಿದೆ. "ಅಪ್ಪಾ, ನಿನಗೆ ಇದೆಲ್ಲ ಯಾರು ಹೇಳಿಕೊಟ್ಟರು?" ಅಂದಳು. ವಿನೋಬನಗರದಲ್ಲಿ ಒಬ್ಬರು ಅಂಗಡಿಯವರು ಅಂದೆ.

ಸಾಗರದವರೇ, ಮುಂದಿನ ವರ್ಷದ್ದು ಎಲ್ಲಿ, ಯಾವಾಗ ಅಂತ ಈಗಲೇ ಹೇಳಿಬಿಡಿ. ಕ್ಯಾಲೆಂಡರ್ ಹಿಂದೆ ಬರೆದು ಇಟ್ಟುಕೊಳ್ಳುತ್ತೇನೆ.

---

ಸಾಗರದ ಗಡಿಯಾರ | ಮಂಗಳವಾರ, 7:52

ಇಂಡಿಯಾನಾಪೊಲಿಸ್. 2026 ಏಪ್ರಿಲ್ 6, ಸೋಮವಾರ. ನಿಮಗೆ 7, ಮಂಗಳವಾರ. ಆ ಊರಿನ ಗಡಿಯಾರ ನ್ಯೂಯಾರ್ಕಿನದ್ದೇ, ಒಂದೂವರೆ ಗಂಟೆ ಕಳೆಯೋಕೆ ಹೋಗಬೇಡಿ, ಎರಡೂವರೆ ಕಳೆಯಿರಿ. ಆ ಹಲಸಿನ ಮರದ ಉಳಿದ ಕೊಂಬೆಯನ್ನು ಮಾರ್ಚ್ ಒಳಗೆ ಕಡಿಸಿ.